ಎಂಬತ್ತು ಡಿಗ್ರಿಯ ಮನೆ, ಮೂರೆಲೆಯ ಸಸಿ

ಆ ಚಳಿಗಾಲದಲ್ಲಿ ನ್ಯೂಜೆರ್ಸಿಯ ಪಾರ್ಸಿಪನಿಯಲ್ಲಿ ನಮ್ಮ ಮನೆಯೊಳಗೆ ಎಂಬತ್ತು ಡಿಗ್ರಿ ಫ್ಯಾರನ್‌ಹೀಟ್ ಇರುತ್ತಿತ್ತು. ಹೊರಗೆ ಮೊಣಕಾಲುದ್ದ ಹಿಮ ಬಿದ್ದಿದ್ದರೂ ಒಳಗೆ ನನ್ನ ಗಂಡ ಚಡ್ಡಿಯಲ್ಲಿ ಕೂತು, ಕ್ಯಾಮೆರಾಕ್ಕೆ ಕಾಣುವಷ್ಟಕ್ಕೆ ಮಾತ್ರ ಒಂದು ಅಂಗಿ ತೊಟ್ಟು, ಟವೆಲಿನಿಂದ ಕತ್ತು ಒರೆಸಿಕೊಳ್ಳುತ್ತ ಆಫೀಸಿನ ಮೀಟಿಂಗ್ ಮಾಡುತ್ತಿದ್ದರು. ಮನೆಗೆ ಬಂದವರು ಮೊದಲು ಕೋಟು ತೆಗೆಯುತ್ತಿದ್ದರು, ಆಮೇಲೆ ಸ್ವೆಟರ್ ತೆಗೆಯುತ್ತಿದ್ದರು, ಆಮೇಲೆ ಇನ್ನೇನು ತೆಗೆಯುವುದೆಂದು ತಿಳಿಯದೆ ಬೇಗ ಎದ್ದು ಹೋಗುತ್ತಿದ್ದರು.

ಇದಕ್ಕೆಲ್ಲ ಕಾರಣ ಧಾರವಾಡದಿಂದ ಬಂದಿದ್ದ ನನ್ನ ಅತ್ತೆ. ನಮ್ಮ ಮನೆಯಲ್ಲಿ ಅವರಿಗೆ ಮೈಕ್ರೋವೇವ್ ಮುಟ್ಟಲು ಭಯ, ಟೀವಿ ರಿಮೋಟ್ ಕಂಡರೆ ಸಿಟ್ಟು, ಡಿಶ್‌ವಾಷರಿನ ಮೇಲಂತೂ ನಂಬಿಕೆಯೇ ಇಲ್ಲ. ಆದರೆ ಮನೆಯ ಕಾವು ಏರಿಸಿ ಇಳಿಸುವ ಥರ್ಮೋಸ್ಟಾಟನ್ನು ಮಾತ್ರ ಚಳಿ ಶುರುವಾದ ದಿನವೇ ಕಲಿತುಬಿಟ್ಟರು. ನಾನು ಹೋಗಿ ಅರವತ್ತೆಂಟಕ್ಕೆ ಇಳಿಸುವುದು, ಅವರು ಬಚ್ಚಲಿಗೆ ಹೋಗುವ ನೆಪದಲ್ಲಿ ಎದ್ದು ಎಂಬತ್ತಕ್ಕೆ ಏರಿಸುವುದು, ಹೀಗೆ ಒಂದು ವಾರ ಜಟಾಪಟಿ ನಡೆದು ಕೊನೆಗೆ ನಾನೇ ಸೋತೆ. ಮೈಸೂರಿನವಳಾದ ನನಗೆ ಹತ್ತಿ ಸೀರೆ ಉಡುವ ಚಟ ಮತ್ತೆ ಶುರುವಾದದ್ದು ಹಾಗೆ, ಜನವರಿ ತಿಂಗಳಲ್ಲಿ, ಹಿಮ ನೋಡುತ್ತ.

ಮನೆಯ ಈ ಸೆಕೆಯೇ ಒಂದು ಗಿಡವನ್ನು ನಮ್ಮಲ್ಲಿಗೆ ತಂದಿತು.

ಆಫೀಸಿನ ಕೆಲಸ ಬಿಟ್ಟ ಮೇಲೆ ನಾನು ವಾರಕ್ಕೊಂದು ದಿನ, ಮನೆಯಿಂದ ಅರ್ಧ ಗಂಟೆ ದೂರದ ಒಂದು ತೋಟದ ಗಾಜಿನ ಮನೆಗೆ ಸಂಬಳವಿಲ್ಲದ ಚಾಕರಿಗೆ ಹೋಗುತ್ತಿದ್ದೆ. ನನಗೆ ಗಿಡಗಳ ಬಗ್ಗೆ ಏನೂ ಗೊತ್ತಿಲ್ಲ. ಅಲ್ಲಿ ನನ್ನ ಕೆಲಸ ಒದ್ದೆ ಬಟ್ಟೆಯಿಂದ ದೊಡ್ಡ ದೊಡ್ಡ ಎಲೆಗಳ ಧೂಳು ಒರೆಸುವುದು. ಸ್ವಂತ ಮನೆಯ ಕಿಟಕಿಯನ್ನು ಹಬ್ಬಕ್ಕೂ ಒರೆಸದವಳು ಪರದೇಶದ ಬಾಳೆಗಿಡದ ಎಲೆ ಒರೆಸಲು ಪೆಟ್ರೋಲ್ ಸುಟ್ಟುಕೊಂಡು ಹೋಗುತ್ತಾಳೆ ಎಂದು ಗಂಡ ಹಂಗಿಸುತ್ತಿದ್ದರು. ನಿಜವೇ. ಆದರೆ ಅಲ್ಲಿ ಯಾರೂ ನನ್ನನ್ನು ಚಹಾ ಕೇಳುತ್ತಿರಲಿಲ್ಲ.

ಆ ವರ್ಷ ಕ್ರಿಸ್‌ಮಸ್ಸಿನ ಮೊದಲು ಗಾಜಿನ ಮನೆಯ ಮೇಲ್ವಿಚಾರಕ ನಮ್ಮನ್ನೆಲ್ಲ ಕೂಡಿಸಿದ. ಎತ್ತರದ ಮನುಷ್ಯ, ಮಾತು ಕಡಿಮೆ, ಸೊಂಟದ ಚೀಲದಲ್ಲಿ ಸದಾ ಒಂದು ಗಿಡ ಕತ್ತರಿ. ಹಬ್ಬ ಮುಗಿದ ಮೇಲೆ ಗಾಜಿನ ಮನೆಯನ್ನು ಬೆಚ್ಚಗಿಡುವ ಬಾಯ್ಲರ್ ಬದಲಿಸಬೇಕು, ದೊಡ್ಡ ಮರಗಳಿಗೆ ತಾತ್ಕಾಲಿಕ ಹೀಟರ್ ಇಡುತ್ತೇವೆ, ಸಣ್ಣ ಕುಂಡಗಳನ್ನು ನೀವು ನೀವೇ ಮನೆಗೆ ಒಯ್ದು ಕಾಪಾಡಬೇಕು ಎಂದ. ಆಮೇಲೆ ಒಬ್ಬೊಬ್ಬರನ್ನೇ ಕೇಳುತ್ತ ಬಂದ, ನಿಮ್ಮ ಮನೆಯಲ್ಲಿ ಎಷ್ಟು ಡಿಗ್ರಿ ಇಡುತ್ತೀರಿ? ಒಬ್ಬಾಕೆ ಅರವತ್ತೆರಡು ಎಂದಳು, ನಾನು ಏಕಾದಶಿ ಮಾಡುತ್ತೇನೆ ಎನ್ನುವವರ ಹೆಮ್ಮೆಯಲ್ಲಿ. ಇನ್ನೊಬ್ಬ ಅರವತ್ತೈದು ಎಂದ. ನನ್ನ ಸರದಿ ಬಂದಾಗ ನಾನು ನಾಚಿಕೆಯಿಂದ ಎಂಬತ್ತು ಎಂದೆ. ಎಲ್ಲರೂ ತಿರುಗಿ ನೋಡಿದರು.

"ಯಾಕೆ?" ಎಂದ ಮೇಲ್ವಿಚಾರಕ.

"ಮದರ್ ಇನ್ ಲಾ," ಎಂದೆ.

ಅವನು ತಲೆಯಾಡಿಸಿದ. ಗಾಳಿಯಲ್ಲಿ ತೇವ ಹೇಗೆ ಎಂದು ಕೇಳಿದ. ನಾನು ದಿನಕ್ಕೆ ಎರಡು ಹೊತ್ತು ಕೂಗುವ ಕುಕ್ಕರ್, ನೀರು ಸವರಿ ಸುಡುವ ಜೋಳದ ರೊಟ್ಟಿ, ನೆಗಡಿಗೆ ಹೆದರಿ ಅತ್ತೆ ಕಂಬಳಿ ಹೊದ್ದು ತೆಗೆದುಕೊಳ್ಳುವ ಹಬೆ, ಎಲ್ಲ ವಿವರಿಸಿದೆ. ಅವನ ಮುಖದಲ್ಲಿ ಮೊದಲ ಸಲ ಸಂತೋಷ ಕಂಡೆ. ಒಳಗೆ ಹೋಗಿ ಒಂದು ಸಣ್ಣ ಕುಂಡ ತಂದು, ಸೂಲಗಿತ್ತಿ ಕೂಸನ್ನು ಕೊಡುವ ಹಾಗೆ ಎರಡೂ ಕೈಯಿಂದ ನನಗೆ ಕೊಟ್ಟ.

ಕುಂಡದಲ್ಲಿ ಬರೀ ಮಣ್ಣು. ಸುತ್ತ ನಾಲ್ಕು ಕಡ್ಡಿ ನೆಟ್ಟು, ಮೇಲೊಂದು ಪ್ಲಾಸ್ಟಿಕ್ ಚೀಲ ಹೊದಿಸಿ, ಕುಂಡದ ಕತ್ತಿಗೆ ದಾರ ಬಿಗಿದು ಗಂಟು ಹಾಕಿದ್ದ. ಒಳಗೊಂದು ಬೀಜ ಇದೆ, ಹಾಕಿ ವರ್ಷದ ಮೇಲಾಯಿತು, ಜೊತೆಯವೆಲ್ಲ ಕೊಳೆತು ಹೋದವು, ಇದೊಂದು ಇನ್ನೂ ಗಟ್ಟಿಯಾಗಿದೆ ಎಂದ. ಸಾಮಾನ್ಯವಾಗಿ ಎರಡು ವಾಕ್ಯಕ್ಕೆ ಸುಸ್ತಾಗುವ ಮನುಷ್ಯ ಆ ದಿನ ಕಾರಿನ ತನಕ ಬಂದು ಹೇಳುತ್ತಲೇ ಇದ್ದ. ಮರದ ಹೆಸರು ಡಿಜನೀರಿಯ. ಇಡೀ ಜಗತ್ತಿನಲ್ಲಿ ಆ ಕುಟುಂಬದಲ್ಲಿ ಇರುವುದು ಎರಡೇ ಬಗೆಯ ಮರ, ಎರಡೂ ಫಿಜಿ ದ್ವೀಪಗಳಲ್ಲಿ ಮಾತ್ರ. ಹೂಬಿಡುವ ಮರಗಳಲ್ಲೇ ತುಂಬಾ ಹಳೆಯ ವಂಶ. ಎಷ್ಟು ಹಳೆಯದೆಂದರೆ ಹೂವಿನೊಳಗಿನ ಎಳೆಗಾಯಿಯ ಅಂಚನ್ನು ಪೂರ್ತಿ ಮುಚ್ಚುವುದನ್ನೇ ಅದು ಇನ್ನೂ ಕಲಿತಿಲ್ಲ. ಅವರೆ, ಹುಣಸೆ, ಮಾವು ಎಲ್ಲ ಮೊಳೆಯುವಾಗ ಎರಡು ಬೀಜದೆಲೆ ಬಿಡುತ್ತವೆ, ಇದು ಮೂರು ಬಿಡುತ್ತದಂತೆ. ಅದನ್ನು ಅವನು ಚಿತ್ರದಲ್ಲಿ ಮಾತ್ರ ನೋಡಿದ್ದ.

"ಇದು ಹೂ ಬಿಡುವುದನ್ನು ನೋಡಲು ನಾನು ಇರುವುದಿಲ್ಲ. ಆ ಮೂರು ಎಲೆಯನ್ನಾದರೂ ನೋಡಬೇಕು," ಎಂದ. ಕಾರಿನ ಬಾಗಿಲು ಹಾಕಿದ ಮೇಲೂ ಅಲ್ಲೇ ನಿಂತಿದ್ದ.

ಮನೆಗೆ ತಂದು ಊಟದ ಕೋಣೆಯ ಕಿಟಕಿಯಲ್ಲಿಟ್ಟೆ. ಅತ್ತೆ ಶಾಲು ಹೊದ್ದುಕೊಂಡೇ ಬಂದು ಬಗ್ಗಿ ನೋಡಿದರು.

"ಇದೇನವಾ, ಬರೇ ಮಣ್ಣು?"

"ಒಳಗೆ ಬೀಜ ಇದೆ ಅತ್ತೆ. ಫಿಜಿ ಅಂತ ದ್ವೀಪ, ಸಮುದ್ರದ ಮಧ್ಯ. ಅಲ್ಲಿಯ ಮರ."

"ಅಲ್ಲಿ ಥಂಡಿ ಇರಂಗಿಲ್ಲೇನು?"

"ಇರಲ್ಲ."

"ಮತ್ತ ಇಲ್ಲ್ಯಾಕ ತಂದಾರ ಅದನ್ನ? ನನ್ನಂಗ?"

ಮಾತು ಬದಲಿಸಲು ನಾನು ಮೇಲ್ವಿಚಾರಕ ಹೇಳಿದ್ದನ್ನೆಲ್ಲ ಒಪ್ಪಿಸಿದೆ. ಜಗತ್ತಿನಲ್ಲಿ ಇಬ್ಬರೇ ಇರುವ ಕುಟುಂಬ ಎಂದಾಗ ಅತ್ತೆಗೆ ನಿಜವಾಗಿಯೂ ಸಂಕಟವಾಯಿತು. ಅವರ ಮನೆತನದಲ್ಲಿ ಬಸುರಿಗೆ ಮಾಡುವ ಒಂದು ಕುಬಸಕ್ಕೆ ಎರಡು ಬಸ್ಸು ಜನ ಬರುತ್ತಾರೆ.

"ಬರೇ ಇಬ್ಬರಾ? ಹಂಗಾರ ಮದವಿಗೆ, ಸತ್ತರ ಮಣ್ಣಿಗೆ ಯಾರ ಬರ್ತಾರವಾ?" ಎಂದರು.

"ಸಂಪಿಗೆ ದೂರದ ಸಂಬಂಧ ಅಂತೆ," ಎಂದೆ. ಅದರಿಂದ ಸ್ವಲ್ಪ ಸಮಾಧಾನವಾಯಿತು.

ಈಗ ಅತ್ತೆಯ ಪತ್ರಿಯ ವಿಷಯ ಹೇಳಬೇಕು. ಪತ್ರಿ ಎಂದರೆ ಬಿಲ್ವಪತ್ರೆ. ಅತ್ತೆಯ ಕೊರಳಲ್ಲಿ ಬೆಳ್ಳಿಯ ಕರಡಿಗೆ, ಅದರಲ್ಲಿ ಇಷ್ಟಲಿಂಗ. ಬೆಳಿಗ್ಗೆ ಸ್ನಾನ ಮಾಡಿ, ಲಿಂಗವನ್ನು ಎಡ ಅಂಗೈ ಮೇಲಿಟ್ಟು, ನೀರು, ವಿಭೂತಿ, ಆಮೇಲೆ ಒಂದು ಪತ್ರಿ. ಪತ್ರಿ ಏರಿಸುವ ತನಕ ಬಾಯಿಗೆ ಹನಿ ನೀರೂ ಇಲ್ಲ. ಹುಡುಗಿಯಾಗಿದ್ದಾಗ ಶುರುವಾದದ್ದು, ಮದುವೆಯ ದಿನವೂ ತಪ್ಪಿಲ್ಲ, ಹೆರಿಗೆಯಲ್ಲೂ ತಪ್ಪಿಲ್ಲ ಎಂದು ಹೇಳುತ್ತಿದ್ದರು. ನನ್ನ ಲಿಂಗ ಬೀರುವಿನ ಲಾಕರಿನಲ್ಲಿ ಒಡವೆಗಳ ಜೊತೆ ಹಾಯಾಗಿ ಇರುವುದರಿಂದ ಈ ವಿಷಯದಲ್ಲಿ ನಾನು ಹೆಚ್ಚು ಬಾಯಿ ಬಿಡುತ್ತಿರಲಿಲ್ಲ.

ಬರುವಾಗ ಅವರು ಒಂದು ಸ್ಟೀಲ್ ಡಬ್ಬಿಯ ತುಂಬ ಒಣಗಿಸಿದ ಪತ್ರಿ ತಂದಿದ್ದರು. ದೀಪಾವಳಿ ಮುಗಿಸಿ ಹಿಂದಿರುಗುವ ಲೆಕ್ಕಕ್ಕೆ ಸಾಕಾಗುವಷ್ಟು. ಆದರೆ ಮೊಣಕಾಲು ನೋವಿಗೆ ಇಲ್ಲೇ ತೋರಿಸೋಣ, ಯುಗಾದಿ ಮುಗಿಸಿಕೊಂಡು ಹೋಗಲಿ ಎಂದು ನನ್ನ ಗಂಡ ಟಿಕೆಟ್ ಮುಂದೆ ಹಾಕಿದರು. ತಾಯಿಯ ಮೊಣಕಾಲಿನ ಬಗ್ಗೆ ಯೋಚಿಸಿದವರು ಡಬ್ಬಿಯ ಬಗ್ಗೆ ಯೋಚಿಸಲಿಲ್ಲ.

ಡಬ್ಬಿಯ ತಳ ಕಾಣುವ ಭಯ ಅತ್ತೆಗೆ ಅಕ್ಟೋಬರಿನಲ್ಲೇ ಹತ್ತಿತ್ತು. ಒಂದು ಸಂಜೆ ಮನೆಯ ಹಿಂದಿನ ಕಾಲುದಾರಿಯಲ್ಲಿ ವಾಕಿಂಗ್ ಹೋಗಿದ್ದಾಗ ಮರಕ್ಕೆ ಹಬ್ಬಿದ ಒಂದು ಬಳ್ಳಿ ಕಂಡರಂತೆ. ಒಂದೊಂದು ತೊಟ್ಟಿಗೂ ಮೂರು ಮೂರು ಎಲೆ, ಮಿರಮಿರ ಮಿಂಚುತ್ತಿತ್ತಂತೆ. ಪತ್ರಿ ಅಲ್ಲದಿದ್ದರೂ ಪತ್ರಿಯ ಅಣ್ಣತಮ್ಮಂದಿರ ಪೈಕಿ ಇರಬೇಕೆಂದು ಸೆರಗಿನ ತುಂಬ ಕಿತ್ತು ತಂದು, ಮರುದಿನ ಲಿಂಗಕ್ಕೆ ಏರಿಸಿದರು. ಅದರ ಮರುದಿನ ಎಡ ಅಂಗೈಯಿಂದ ಮೊಣಕೈ ತನಕ ಕೆಂಪಗೆ ಬೊಬ್ಬೆ ಎದ್ದು ತುರಿಕೆ. ನ್ಯೂಜೆರ್ಸಿಯಲ್ಲಿ ಹುಟ್ಟಿದ ಐದು ವರ್ಷದ ಮಗುವಿಗೂ ಗೊತ್ತು, ಅದು ಪಾಯಿಸನ್ ಐವಿ, ಮುಟ್ಟಬಾರದ ಬಳ್ಳಿ. ಡಾಕ್ಟರು ಮುಲಾಮು ಬರೆದುಕೊಡುತ್ತ, ಇಷ್ಟೊಂದು ಅಂಗೈಯಲ್ಲೇ ಹೇಗಾಯಿತು ಎಂದು ಕೇಳಿದರು. ನಾವು ಮೂವರೂ ಗೋಡೆಯ ಮೇಲಿನ ಚಾರ್ಟು ನೋಡತೊಡಗಿದೆವು.

"ವಿಷಾ ಕುಡದು ಅರಗಿಸಿಕೊಂಡಾವಗ ಅದೇನ ಲೆಕ್ಕ ಬಿಡವಾ. ತುರಕಿ ಬಂದಿದ್ದು ನಿನಗ," ಎಂದರು ನನ್ನ ಗಂಡ, ಕಾರಿನಲ್ಲಿ.

"ನಗಬ್ಯಾಡ ನೀ," ಎಂದು ಅತ್ತೆ ಕೆರೆದುಕೊಂಡರು.

ಆಮೇಲೆ ಅವರು ಹುಷಾರಾದರು. ಒಣ ಪತ್ರಿಯನ್ನೇ ತೊಳೆದು ಮತ್ತೆ ಏರಿಸಬಹುದು, ಬಿಲ್ವಕ್ಕೆ ಮೈಲಿಗೆ ಇಲ್ಲ ಎಂದು ಒಂದೊಂದನ್ನೂ ತೊಳೆದು, ಪೇಪರ್ ಟವೆಲಿನ ಮೇಲೆ ಒಣಗಿಸಿ, ಮತ್ತೆ ಡಬ್ಬಿಗೆ ಹಾಕುತ್ತಿದ್ದರು. ಆದರೆ ಹರಿದ ಪತ್ರಿ, ತೂತಾದ ಪತ್ರಿ ನಡೆಯುವುದಿಲ್ಲ. ತೊಳೆದಷ್ಟೂ ಅವು ಹರಿಯುತ್ತಿದ್ದವು. ಗಂಡ ನೂರು ಸಲ ಹೇಳಿದರು, ವಿಭೂತಿ ಹಚ್ಚಿದರೆ ಸಾಕು, ಭಕ್ತಿ ಮುಖ್ಯ ಎಂದು. ಅದು ಪತ್ರಿ ಸಿಗದವರ ಮಾತು ಎಂದು ಅತ್ತೆ ಕೇಳಿಸಿಕೊಳ್ಳಲಿಲ್ಲ.

ಫೆಬ್ರವರಿಯಲ್ಲಿ, ಶಿವರಾತ್ರಿ ಇನ್ನು ಒಂದೆರಡು ವಾರ ಇದೆ ಎನ್ನುವಾಗ, ಒಂದು ಬೆಳಿಗ್ಗೆ ಅತ್ತೆ ಕೂಗಿದ ಕೂಗಿಗೆ ನಾನು ಗ್ಯಾಸ್ ಹೊತ್ತಿಕೊಂಡಿತೆಂದು ಓಡಿ ಬಂದೆ. ಅವರು ಕಿಟಕಿಯ ಮುಂದೆ ಕೈ ಮುಗಿದು ನಿಂತಿದ್ದರು. ಪ್ಲಾಸ್ಟಿಕ್ ಚೀಲದೊಳಗೆ, ಕಿರುಬೆರಳಿನಷ್ಟು ಎತ್ತರದ ಕಾಂಡದ ತುದಿಯಲ್ಲಿ, ಮೂರು ಎಳೆಯ ಹಸಿರು ಎಲೆಗಳು ಬಿಚ್ಚಿಕೊಂಡಿದ್ದವು. ಒಂದು ಎಡಕ್ಕೆ, ಒಂದು ಬಲಕ್ಕೆ, ಒಂದು ನೇರ ಅತ್ತೆಯ ಕಡೆಗೆ.

"ಪತ್ರಿ ಹುಟ್ಟೈತಿ! ಶಿವನ ಬಂದಾನ ನೋಡ ಮನಿಗೆ!"

"ಅದು ಪತ್ರಿ ಅಲ್ಲ ಅತ್ತೆ. ಹೇಳಿದ್ನಲ್ಲ, ಫಿಜಿ ಗಿಡ."

"ಮೂರ ಎಲಿ ಐತಿಲ್ಲೋ?"

"ಪಾಯಿಸನ್ ಐವಿಗೂ ಮೂರೇ ಎಲೆ ಇತ್ತು."

ಅತ್ತೆ ಒಂದು ಕ್ಷಣ ಅಂಗೈ ನೋಡಿಕೊಂಡರು. "ತುರಸದಿದ್ದರ ಆತು," ಎಂದರು.

ನಾನು ಮೇಲ್ವಿಚಾರಕನಿಗೆ ಫೋನ್ ಮಾಡಿದೆ. ಎಲೆ ಬಂದಿದೆ ಎಂದೆ. ಮೂರಾ, ಎಂದ. ಮೂರು, ಎಂದೆ. ಚೀಲ ಬಿಚ್ಚಬೇಡ, ಮುಟ್ಟಬೇಡ, ಜಾಗ ಬದಲಿಸಬೇಡ, ಬಾಯ್ಲರ್ ಹೊತ್ತಿದ ಕೂಡಲೇ ನಾನು ಬಂದು ಒಯ್ಯುತ್ತೇನೆ, ಅಲ್ಲಿಯ ತನಕ ದಿನಾ ಒಂದು ಫೋಟೋ ಕಳಿಸು ಎಂದ. ಏನೂ ಗೊತ್ತಿಲ್ಲದ ನನ್ನನ್ನು ನಂಬಿ ಒಬ್ಬ ಮನುಷ್ಯ ಇಷ್ಟು ದೊಡ್ಡದನ್ನು ಕೊಟ್ಟದ್ದು ಅದೇ ಮೊದಲು.

ಅತ್ತ ಅತ್ತೆಯೂ ಫೋನಿನಲ್ಲಿದ್ದರು. ನ್ಯೂಯಾರ್ಕಿನಾಚೆಯ ಜೆರಿಕೋದಲ್ಲಿ ನನಗೊಬ್ಬ ಬೆಂಗಳೂರಿನ ಗೆಳತಿ ಇದ್ದಾಳೆ, ಅತ್ತೆಗೆ ದಿನಾ ಫೋನ್ ಮಾಡಿ ಕುಶಲ ಕೇಳುವವಳು. ಅವಳಿಗೆ ಒಂದು ವಿಷಯ ಹೇಳಿದರೆ ಊರಿಗೆಲ್ಲ ಡಂಗುರ ಹೊಡೆಸಿದ ಹಾಗೆ. ಮಧ್ಯಾಹ್ನದ ಹೊತ್ತಿಗೆ ನನಗೆ ಫೋನುಗಳು ಶುರುವಾದವು. ನಿಮ್ಮನೇಲಿ ಫ್ರೆಶ್ ಬಿಲ್ವ ಇದ್ಯಂತೆ, ಶಿವರಾತ್ರಿಗೆ ಒಂದೇ ಒಂದು ದಳ ಸಿಗತ್ತಾ ಆಂಟಿ? ಗಿಡ ಎಷ್ಟು ಹೈಟ್ ಇದೆ? ಕಟಿಂಗ್ ಕೊಡ್ತೀರಾ? ಒಬ್ಬರು ಬಿಲ್ವದ ಹಣ್ಣಿನ ಪಾನಕ ಹೊಟ್ಟೆಗೆ ಒಳ್ಳೆಯದು, ಹಣ್ಣಾದಾಗ ಹೇಳಿ ಎಂದರು. ಕಿರುಬೆರಳಿನಷ್ಟು ಗಿಡ, ಅದರ ಹಣ್ಣಿಗೆ ಆಗಲೇ ಬುಕಿಂಗ್!

ಗೆಳತಿಗೆ ಫೋನ್ ಮಾಡಿ ರೇಗಿದೆ. "ಅದು ಬಿಲ್ವ ಅಲ್ಲ ಮಾರಾಯ್ತಿ. ಯಾಕೆ ಎಲ್ಲಾ ವಾಟ್ಸಾಪ್ ಗ್ರೂಪಲ್ಲೂ ಹಾಕ್ದೆ?"

"ಅಯ್ಯೋ, ವಿಡಿಯೋ ಕಾಲಲ್ಲಿ ನೋಡಿದ್ರೆ ಸೇಮ್ ಟು ಸೇಮ್ ಇದೆ ಕಣೇ," ಎಂದಳು. "ಇರ್ಲಿ, ಶಿವರಾತ್ರಿ ದಿನ ನಾನೇ ಡ್ರೈವ್ ಮಾಡ್ಕೊಂಡು ಬರ್ತೀನಿ. ಕಿತ್ತುಕೊಡ್ಬೇಡ, ದರ್ಶನ ಸಾಕು."

ನನ್ನ ನಿಜವಾದ ಭಯ ಬೇರೆ ಇತ್ತು. ಡಬ್ಬಿಯಲ್ಲಿ ಉಳಿದ ಪತ್ರಿಗಳು ಒಂದು ಕೈಯ ಬೆರಳಿಗೆ ಬಂದಿದ್ದವು. ಒಂದು ದಿನ ಪೂಜೆ ಮುಗಿಸಿ, ಚಹಾ ಕುಡಿಯುತ್ತ ಅತ್ತೆ ಸಹಜವಾಗಿ ಕೇಳಿದರು.

"ಶಿವರಾತ್ರಿಗೆ ಅದೊಂದ ಪತ್ರಿ ನನಗ ಕೊಡ್ತಿಯೇನವಾ?"

ಒಂದು ಪತ್ರಿ ಎಂದರೆ ಅವರ ಲೆಕ್ಕದಲ್ಲಿ ಮೂರೆಲೆ ಒಟ್ಟಿಗೆ. ಗಿಡದಲ್ಲಿ ಇದ್ದದ್ದೇ ಆ ಮೂರು. ನಾನು ಕೂತು ನಿಧಾನವಾಗಿ ಹೇಳಿದೆ, ಅವು ಮಾಮೂಲಿ ಎಲೆಯಲ್ಲ, ಬೀಜದೆಲೆ, ಆ ಕೂಸು ಊರಿಂದ ಕಟ್ಟಿಕೊಂಡು ಬಂದ ಬುತ್ತಿ, ಅದನ್ನು ಕಿತ್ತರೆ ಗಿಡ ಸಾಯುತ್ತದೆ, ಆ ಮನುಷ್ಯ ವರ್ಷದಿಂದ ಕಾದಿದ್ದಾನೆ. ಅತ್ತೆ ಪೂರ್ತಿ ಕೇಳಿದರು. ಎದ್ದು, ಲೋಟ ತೊಳೆದಿಟ್ಟು ಹೋದರು.

"ಏನಾದ್ರೂ ಹೇಳ್ರೀ ನಿಮ್ಮಮ್ಮನಿಗೆ," ಎಂದು ಗಂಡನಿಗೆ ಹೇಳಿದೆ.

"ಶಿವಾ, ಅವ್ವ, ನೀನು, ಮೂರೂ ಮಂದಿ ನಡಕ ನಾ ಬರಂಗಿಲ್ಲ," ಎಂದು ಅವರು ಹೆಡ್‌ಫೋನ್ ಹಾಕಿಕೊಂಡರು.

ಸರಿ, ನಾನೇ ಪತ್ರಿ ಹುಡುಕಿಕೊಂಡು ಐಸೆಲಿನ್‌ಗೆ ಹೋದೆ. ಅಲ್ಲಿ ಇಂಡಿಯನ್ ಅಂಗಡಿಗಳೇ ತುಂಬಿದ ಓಕ್ ಟ್ರೀ ರೋಡಿನಲ್ಲಿ ಸಿಗದ ವಸ್ತುವಿಲ್ಲ ಎಂಬುದು ನಮ್ಮೆಲ್ಲರ ನಂಬಿಕೆ. ಒಂದು ಅಂಗಡಿಯಲ್ಲಿ ಬಿಲ್ವದ ಪುಡಿ ಇತ್ತು, ಸಕ್ಕರೆ ಕಾಯಿಲೆಗೆ. ಇನ್ನೊಂದರಲ್ಲಿ ಬಿಲ್ವದ ಶರಬತ್ತು ಇತ್ತು. ಮೂರನೆಯದರಲ್ಲಿ ಬಟ್ಟೆಯಲ್ಲಿ ಹೊಲಿದ ಹಸಿರು ಬಿಲ್ವದ ಹಾರ, ತೊಳೆದು ಬಳಸಬಹುದು ಎಂದರು. ಎಲೆ ಎಲ್ಲಿ ಎಂದರೆ, ಫ್ಲೋರಿಡಾದಿಂದ ಬರಬೇಕು, ಸ್ನೋದಲ್ಲಿ ಟ್ರಕ್ ನಿಂತಿದೆ, ಶಿವರಾತ್ರಿ ಆದ ಮೇಲೆ ಬನ್ನಿ ಎಂದರು. ಶಿವರಾತ್ರಿ ಆದ ಮೇಲೆ ತಗೊಂಡು ನಾನೇನು ಸಾರು ಮಾಡಲಾ? ಬಟ್ಟೆಯ ಹಾರವನ್ನೇ ತಂದು ತೋರಿಸಿದೆ. ಅತ್ತೆ ಅದನ್ನು ಮುಟ್ಟಿ ನೋಡಿ, ಹೊಲಿಗೆ ಚೆನ್ನಾಗಿದೆ ಎಂದು ಹೊಗಳಿ, ಫ್ರಿಜ್ಜಿನ ಹಿಡಿಕೆಗೆ ತೂಗುಹಾಕಿದರು.

ಶಿವರಾತ್ರಿಯ ಹಿಂದಿನ ದಿನ ಎರಡು ಸಂಗತಿ ಒಟ್ಟಿಗೆ ನಡೆದವು. ಬೆಳಿಗ್ಗೆ ಡಬ್ಬಿಯ ಕೊನೆಯ ಪತ್ರಿ ತೊಳೆಯುವಾಗ ಅತ್ತೆಯ ಕೈಯಲ್ಲೇ ಎರಡಾಯಿತು. ಅದಕ್ಕೆ ಮೊದಲೇ ಪೂಜೆಗೆ ಏರಿಸಿದ್ದರಿಂದ ಆ ದಿನದ ಪಾಡು ಕಳೆಯಿತು. ಮಧ್ಯಾಹ್ನ ಮೇಲ್ವಿಚಾರಕ ಫೋನ್ ಮಾಡಿ, ಬಾಯ್ಲರ್ ಹೊತ್ತಿದೆ, ನಾಳೆ ಬೆಳಿಗ್ಗೆ ವ್ಯಾನ್ ಬೆಚ್ಚಗೆ ಮಾಡಿಕೊಂಡು ಬರುತ್ತೇನೆ ಎಂದ. ನಾಳೆ ಬೇಡ ಎನ್ನಲು ಬಾಯಿ ಬರಲಿಲ್ಲ. ಬೇಗ ಬಾ ಎಂದೆ. ಸಂಜೆ ಅತ್ತೆ ಅಡುಗೆ ಮನೆಗೆ ಬಂದು ಕೇಳಿದರು, "ಕತ್ತರಿ ಎಲ್ಲೈತಿ?"

ಎಲ್ಲೋ ಇದೆ ಅತ್ತೆ, ಹುಡುಕಿಕೊಡ್ತೀನಿ ಎಂದು ಹೇಳಿ, ಮನೆಯ ಅಷ್ಟೂ ಕತ್ತರಿ, ಚಾಕು, ಬ್ಲೇಡು, ಕೊನೆಗೆ ಉಗುರು ಕತ್ತರಿಸುವುದನ್ನೂ ಕೂಡಿಸಿ ಕಾರಿನ ಡಿಕ್ಕಿಯಲ್ಲಿಟ್ಟು ಬಂದೆ. ಆ ರಾತ್ರಿ ಊಟಕ್ಕೆ ಸೌತೆಕಾಯಿಯನ್ನು ಕೈಯಲ್ಲಿ ಮುರಿದು ಬಡಿಸಿದೆ. ಗಂಡ ತಟ್ಟೆ ನೋಡಿದರು, ನನ್ನ ಮುಖ ನೋಡಿದರು, ಉಪ್ಪು ಹಚ್ಚಿಕೊಂಡು ತಿಂದರು.

ಬೆಳಿಗ್ಗೆ ನಾನು ಸ್ನಾನ ಮುಗಿಸಿ ಬರುವಷ್ಟರಲ್ಲಿ ಅತ್ತೆ ಕುಂಡವನ್ನು ಕಿಟಕಿಯಿಂದ ಇಳಿಸಿ ಒಂದು ಸ್ಟೂಲಿನ ಮೇಲಿಟ್ಟು, ಅದರ ಮುಂದೆ ಕುರ್ಚಿ ಹಾಕಿಕೊಂಡು ಕೂತಿದ್ದರು. ಮೊಣಕಾಲು ನೋವಿನಿಂದ ನೆಲಕ್ಕೆ ಕೂರುವುದನ್ನು ಬಿಟ್ಟಿದ್ದರು. ಹಣೆಗೆ ವಿಭೂತಿ, ಕುಂಡಕ್ಕೂ ಮೂರು ಪಟ್ಟೆ ವಿಭೂತಿ. ಎಡ ಅಂಗೈಯಲ್ಲಿ ಕಪ್ಪು ಲಿಂಗ. ಬಲಗೈಯಿಂದ ದಾರದ ಗಂಟು ಎಳೆಯುತ್ತಿದ್ದರು. ಜೆರಿಕೋದ ಗೆಳತಿ ಎರಡು ಸೇತುವೆ ದಾಟಿ ಆಗಲೇ ಬಂದು, ಸ್ವೆಟರ್ ಕಳಚಿ, ಕೈ ಮುಗಿದು ನಿಂತಿದ್ದಳು.

"ಅತ್ತೆ, ಬೇಡ," ಎಂದೆ.

"ಗಂಟ ಬಿಚ್ಚವೊಲ್ದು," ಎಂದರು, ನನ್ನ ಕಡೆ ನೋಡದೆ.

ಅಷ್ಟರಲ್ಲಿ ಗಂಡ ಬಾಗಿಲು ತೆಗೆದ ಸದ್ದಾಯಿತು. ಮೇಲ್ವಿಚಾರಕ ಒಳಗೆ ಬಂದ. ಬೂಟು ಬಿಚ್ಚಿ, ನಮ್ಮ ಎಂಬತ್ತು ಡಿಗ್ರಿಗೆ ಕನ್ನಡಕ ಮಂಜಾಗಿ, ಅದನ್ನು ಒರೆಸಿಕೊಳ್ಳುತ್ತ ನೇರ ಕುಂಡದ ಹತ್ತಿರ ನಡೆದ. ಅವನಿಗೆ ಕಂಡದ್ದು ಇಷ್ಟೇ, ಒಬ್ಬ ಅಜ್ಜಿ ಒಂದೇ ಕೈಯಲ್ಲಿ ಗಂಟಿನ ಜೊತೆ ಒದ್ದಾಡುತ್ತಿದ್ದಾಳೆ. ಅತ್ತೆ ಅವನ ಸೊಂಟದ ಚೀಲ ನೋಡಿದರು, ಎರಡು ಬೆರಳನ್ನು ಕತ್ತರಿಯ ಹಾಗೆ ಆಡಿಸಿ ತೋರಿಸಿದರು, ಅಂಗೈ ಚಾಚಿದರು. ಆ ಪುಣ್ಯಾತ್ಮ ಗಿಡ ಕತ್ತರಿ ತೆಗೆದು, ಹಿಡಿಕೆ ಮುಂದೆ ಮಾಡಿ, ಮರ್ಯಾದೆಯಿಂದ ಅವರ ಕೈಗೇ ಕೊಟ್ಟುಬಿಟ್ಟ!

ನಾನು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಒಟ್ಟಿಗೆ ಕಿರುಚಿದೆ. ಅತ್ತೆ ಕಚಕ್ಕನೆ ಕತ್ತರಿಸಿದರು.

ದಾರ ಕೆಳಗೆ ಬಿತ್ತು. ಅತ್ತೆ ಕತ್ತರಿಯನ್ನು ಅವನಿಗೆ ವಾಪಸು ಕೊಟ್ಟು, ಚೀಲವನ್ನು ಮೆಲ್ಲಗೆ ಮೇಲೆತ್ತಿ ಪಕ್ಕಕ್ಕಿಟ್ಟರು. ಆಮೇಲೆ ಲಿಂಗವಿದ್ದ ಎಡ ಅಂಗೈಯನ್ನು ಸಸಿಯ ಪಕ್ಕಕ್ಕೆ ಒಯ್ದರು. ಬಲಗೈಯಿಂದ ಕುಂಡವನ್ನು ಚೂರೇ ಚೂರು ಬಾಗಿಸಿದರು. ಮೂರೆಲೆಯೂ ಬಾಗಿ ಲಿಂಗದ ನೆತ್ತಿಯ ಮೇಲೆ ಕೂತವು. ಕಾಂಡದಿಂದ ಬಿಡದೆ, ಬೇರಿನಿಂದ ಬಿಡದೆ. ಅತ್ತೆಯ ತುಟಿಗಳು ಅಲ್ಲಾಡುತ್ತಿದ್ದವು. ಆಮೇಲೆ ಕುಂಡ ನೇರವಾಯಿತು, ಎಲೆಗಳೂ ನೇರವಾದವು, ಒಂದು ಎಡಕ್ಕೆ, ಒಂದು ಬಲಕ್ಕೆ, ಒಂದು ಅವರ ಕಡೆಗೆ.

"ಪತ್ರಿನ ಲಿಂಗದ ಕಡೆ ಬರಬೇಕಂತ ಎಲ್ಲಿ ಬರದೈತಿ? ಲಿಂಗಾನ ಹ್ವಾದ್ರ ಆತು," ಎಂದರು ನನಗೆ. "ಕತ್ತರಿ ದಾರಕ್ಕ ಕೇಳಿದ್ದೆ. ನೀ ಏನ ತಿಳಕೊಂಡಿದ್ದಿ?"

ನಾನು ಏನು ತಿಳಿದುಕೊಂಡಿದ್ದೆನೆಂದು ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು. ಗಂಡ ಮಾತ್ರ, "ಹಂಗಾರ ಇನ್ನ ಸೌತಿಕಾಯಿ ಹೆಚ್ಚಬಹುದೇನು?" ಎಂದರು.

ಮೇಲ್ವಿಚಾರಕ ಇದ್ಯಾವುದೂ ತಿಳಿಯದೆ ಮೊಣಕಾಲೂರಿ ಕುಂಡದ ಮುಂದೆ ಕೂತುಬಿಟ್ಟಿದ್ದ. ಒಂದು, ಎರಡು, ಮೂರು ಎಂದು ಬೆರಳು ಮುಟ್ಟಿಸದೆ ಎಣಿಸಿದ. ಮತ್ತೆ ಎಣಿಸಿದ. ಆಮೇಲೆ, ನಿಮ್ಮ ಅತ್ತೆ ಏನು ಮಾಡಿದರು ಎಂದು ನನ್ನನ್ನು ಕೇಳಿದ.

"ಗಿಡವನ್ನು ದೇವರಿಗೆ ಕೊಟ್ಟರು," ಎಂದೆ.

ಅವನಿಗೆ ಗಾಬರಿಯಾಯಿತು. "ಕೊಟ್ಟುಬಿಟ್ಟರಾ?"

"ನೀನು ತೆಗೆದುಕೊಂಡು ಹೋಗಬಹುದು. ದೇವರ ಅಭ್ಯಂತರ ಇಲ್ಲ."

ಹೊರಡುವಾಗ ಅತ್ತೆ ಅವನನ್ನು ಬಗ್ಗಿಸಿ ಹಣೆಗೂ ಮೂರು ಪಟ್ಟೆ ಎಳೆದರು. ಕುಂಡಕ್ಕೂ ಅವನಿಗೂ ಒಂದೇ ವಿಭೂತಿ. ಗಂಡ ಕುಂಡವನ್ನು ವ್ಯಾನಿನ ತನಕ ತಮ್ಮ ಜಾಕೆಟ್ಟಿನೊಳಗೆ ಬಚ್ಚಿಟ್ಟುಕೊಂಡು ಒಯ್ದರು. ಅತ್ತೆ ಕಿಟಕಿಯಲ್ಲಿ ನಿಂತು, ವ್ಯಾನ್ ತಿರುವಿನಲ್ಲಿ ಮರೆಯಾಗುವ ತನಕ ನೋಡಿದರು. ಗೆಳತಿ ಅಲ್ಲಿಂದಲೇ ಎಲ್ಲ ಗ್ರೂಪಿಗೂ ಫೋಟೋ ಹಾಕಿದಳು.

ನನಗೆ ಗೆದ್ದ ಸಂತೋಷ ಆಗಲಿಲ್ಲ. ಶಿವರಾತ್ರಿ ಹೇಗೂ ಉಪವಾಸ, ಕಳೆಯುತ್ತದೆ. ನಾಳೆ? ಡಬ್ಬಿ ಖಾಲಿ, ಕಿಟಕಿ ಖಾಲಿ. ಹುಡುಗಿಯ ಕಾಲದಿಂದ ಒಂದು ದಿನವೂ ತಪ್ಪದ್ದು ಪಾರ್ಸಿಪನಿಯಲ್ಲಿ, ನನ್ನ ಮನೆಯಲ್ಲಿ ತಪ್ಪುತ್ತದೆ. ಗಂಡನಿಗೂ ಅದೇ ಯೋಚನೆ ಇದ್ದಿರಬೇಕು. ಮರುದಿನ ಬೆಳಿಗ್ಗೆ ಮೀಟಿಂಗ್ ಬಿಟ್ಟು, ಪೇಪರ್ ಓದುವವರ ಹಾಗೆ ಊಟದ ಕೋಣೆಯಲ್ಲೇ ಕೂತಿದ್ದರು. ಅವರು ಪೇಪರ್ ತರಿಸುವುದೇ ಇಲ್ಲ. ಹಿಡಿದದ್ದು ಅಂಗಡಿಯ ಕೂಪನ್ ಹಾಳೆ.

ಅತ್ತೆ ಸ್ನಾನ ಮಾಡಿ ಬಂದರು. ಕಿಟಕಿಯ ಎದುರು ಅದೇ ಕುರ್ಚಿಯಲ್ಲಿ ಕೂತರು. ಲಿಂಗವನ್ನು ಅಂಗೈಗೆ ತೆಗೆದುಕೊಂಡು ನೀರೆರೆದರು, ವಿಭೂತಿ ಹಚ್ಚಿದರು. ಅಲ್ಲಿಗೆ ನಿಲ್ಲಿಸಿ ಖಾಲಿ ಸ್ಟೂಲು ನೋಡಿದರು. ಆಮೇಲೆ ಕಣ್ಣು ಮುಚ್ಚಿ, ಎಡ ಅಂಗೈಯನ್ನು ಕಿಟಕಿಯ ಕಡೆಗೆ, ಹಿಮದ ಆಚೆ ಆ ಗಾಜಿನ ಮನೆ ಇರಬಹುದು ಎಂದು ಅವರು ಅಂದುಕೊಂಡ ದಿಕ್ಕಿಗೆ ಸ್ವಲ್ಪ ಬಾಗಿಸಿದರು. ದಿಕ್ಕು ತಪ್ಪಾಗಿತ್ತು, ಆ ಕಡೆ ಇದ್ದದ್ದು ಪೆಟ್ರೋಲ್ ಬಂಕು.

ಲಿಂಗವನ್ನು ಕರಡಿಗೆಯಲ್ಲಿಟ್ಟು, "ಚಾ ಕೊಡವಾ," ಎಂದರು.

ನಾನೂ ಗಂಡನೂ ಒಬ್ಬರ ಮುಖ ಒಬ್ಬರು ನೋಡಿದೆವು. ನನ್ನ ಕಣ್ಣಲ್ಲಿ ನೀರು ಬಂತು, ಮುಚ್ಚಿಡುವುದೇನು, ಬಂತು.

"ಅವ್ವಾ, ಪತ್ರಿ?" ಎಂದರು ಗಂಡ, ಸಣ್ಣ ದನಿಯಲ್ಲಿ.

"ದಿನಕ್ಕೊಂದ ಎಲಿ ಏರಸ್ತಿದ್ದೆ, ನಿನ್ನಿ ಇಡೀ ಗಿಡಾನ ಏರಿಸೇನಿ. ಇನ್ನ ನಾ ಸಾಯೋತನಾ ದಿನದ ಲೆಕ್ಕಾ ಅದರಾಗ ಮುರಕೊಳ್ಳಲಿ ಆ ಶಿವ," ಎಂದರು ಅತ್ತೆ. ಆಮೇಲೆ ನನ್ನ ಕಡೆ ತಿರುಗಿ, "ಸಕ್ಕರಿ ಜರ ಜಾಸ್ತಿ ಹಾಕು. ಮತ್ತ ಆ ಮನಶಾಗ ಫೋನ್ ಮಾಡಿ ಕೇಳು, ಅಲ್ಲಿ ಕಾವ ಎಂಬತ್ತಕ್ಕ ಇಟ್ಟಾನಿಲ್ಲೋ ಅಂತ," ಎಂದರು.

ನಾನು ಮೊದಲು ಫೋನ್ ಮಾಡಿದೆ, ಆಮೇಲೆ ಚಹಾಕ್ಕಿಟ್ಟೆ.